ಕೈಯೂರದೆ ಬಿದ್ದ ಅಕ್ಕ

"ಅಮ್ಮಾ, ಕೆಳಗಿನ ಮನೆ ಅತ್ತೆ ದಿನಾ ಬೀಳ್ತಾರಲ್ಲ, ಅವರಿಗೆ ಅಮ್ಮ ಇಲ್ವಾ?"

ನಾನು ಮಗಳ ತಲೆಯ ಸಿಕ್ಕು ಬಿಡಿಸುತ್ತಿದ್ದೆ. ಬಾಚಣಿಗೆ ಅಲ್ಲೇ ನಿಂತಿತು. ಅವಳಿಗೆ ಇನ್ನೂ ಐದು ತುಂಬಿರಲಿಲ್ಲ. ಬಿದ್ದವರ ಹತ್ತಿರ ಅಮ್ಮ ಓಡಿ ಬಂದು ಮಂಡಿಗೆ 'ಉಫ್' ಎಂದು ಊದಬೇಕು ಎನ್ನುವುದು ಅವಳ ಪ್ರಪಂಚದ ನಿಯಮ.

"ಇಲ್ಲ ಪುಟ್ಟಾ. ಅವರಿಗೆ ತಮ್ಮ ಇದ್ದಾರೆ."

"ಆ ಮಾಮಾನೇ ಅಲ್ವಾ ತಳ್ಳೋದು?"

ಜಡೆ ಹಾಕಿ ಮುಗಿಸಿದೆ.

ನಮ್ಮದು ಮೇಲಿನ ಮಹಡಿ, ಅವರದು ಕೆಳಗಿನದು. ನಡುವೆ ಹದಿನಾರು ಮೆಟ್ಟಿಲು, ಪಕ್ಕದಲ್ಲಿ ಕಬ್ಬಿಣದ ಕಂಬಿ. ಆ ಮೆಟ್ಟಿಲುಗಳ ಮೇಲಿಂದ ಅಕ್ಕ, ಕೆಳಗಿನ ಮನೆಯವರನ್ನು ನಾನು ಕರೆಯುವುದು ಹಾಗೆ, ಉರುಳಿದ ದಿನಗಳನ್ನು ಮೊದಮೊದಲು ದಿನಚರಿಯಲ್ಲಿ ಗುರುತು ಹಾಕಿಕೊಳ್ಳುತ್ತಿದ್ದೆ, ಆಮೇಲೆ ಬಿಟ್ಟುಬಿಟ್ಟೆ. ಹಾಲು ಬಂತು, ಅಕ್ಕ ಬಿದ್ದರು ಎಂದು ದಿನಾ ಬರೆಯುವುದರಲ್ಲಿ ಏನಿದೆ?

ಬೀಳುವುದೇ ಅವರ ಕಸುಬು. ಟೀವಿ ಧಾರಾವಾಹಿಗಳಲ್ಲಿ ನಾಯಕಿ ಮಹಡಿಯಿಂದ ಉರುಳಿದಾಗ, ಕಾರಿಗೆ ಸಿಕ್ಕಿ ಎಗರಿದಾಗ, ಬಾವಿಗೆ ಹಾರಿದಾಗ ನಾವು ನೋಡುತ್ತಿದ್ದದ್ದು ನಾಯಕಿಯ ಸೀರೆಯುಟ್ಟ ಈ ಅಕ್ಕನನ್ನು. ಹದಿನೆಂಟು ವರ್ಷ ಡ್ಯೂಪ್ ಕೆಲಸ. ಅವರ ಅಪ್ಪ ಸೆಟ್ ಕಟ್ಟುವ ಬಡಗಿ. ಹದಿನೇಳನೇ ವಯಸ್ಸಿನಲ್ಲಿ ಅಪ್ಪನಿಗೆ ಊಟ ತೆಗೆದುಕೊಂಡು ಹೋಗಿದ್ದಾಗ ನಾಯಕಿ ಮಹಡಿ ನೋಡಿ ಅಳುತ್ತಾ ಕೂತಿದ್ದಳಂತೆ. ಫೈಟ್ ಮಾಸ್ಟರ್ ಸುತ್ತ ನೋಡಿ, "ಏನಮ್ಮಾ, ನೀನು ಬೀಳ್ತೀಯಾ?" ಎಂದು ಕೇಳಿದರು. ಅಕ್ಕ ಕೇಳಿದ್ದು ಒಂದೇ ಪ್ರಶ್ನೆ: "ಎಷ್ಟು ಸಲ?"

ಚಹಾ ಕುಡಿಯಲು ಕೂತರೆ ಅವರು ಮೈ ತೋರಿಸಿ ಕಥೆ ಹೇಳುತ್ತಿದ್ದರು. "ಈ ಪಕ್ಕೆಲುಬು ಒಬ್ಬ ಕೆಟ್ಟ ನಾದಿನಿದು ಕಣೇ. ಈ ಮಂಡಿ ಒಬ್ಬ ಒಳ್ಳೆ ಸೊಸೆದು, ಪಾಪ, ಐನೂರು ಸಂಚಿಕೆ ಅತ್ತಳು. ಈ ದವಡೆಹಲ್ಲು ಮಾತ್ರ ನನ್ನ ಸ್ವಂತದ್ದು, ಸ್ನಾನದ ಮನೇಲಿ ಜಾರಿ ಹೋಗಿದ್ದು. ದುಡ್ಡಿಲ್ಲದೆ ಬಿದ್ದಿದ್ದು ಅದೊಂದೇ ಸಲ."

ಬೀಳುವುದನ್ನು ಅವರು ನನಗೂ ಒಮ್ಮೆ ಕಲಿಸಿದ್ದರು. ಮೊದಲು ಗದ್ದ ಎದೆಗೆ ಒತ್ತಬೇಕು, ಉಸಿರು ಹೊರಗೆ ಬಿಡಬೇಕು. ನೆಲ ಹತ್ತಿರ ಬಂದಾಗ ಅಂಗೈಯನ್ನು ಅಗಲಿಸಿ ಫಟ್ ಎಂದು ಬಡಿಯಬೇಕು. ಆ ಬಡಿತದಲ್ಲಿ ಅರ್ಧ ಪೆಟ್ಟು ಕೈಗೆ ಹೋಗುತ್ತದೆ. ಉಳಿದರ್ಧವನ್ನು ಭುಜ, ಬೆನ್ನು, ಸೊಂಟ ಹಂಚಿಕೊಳ್ಳುತ್ತವೆ. ತಲೆಗೆ ಏನೂ ಉಳಿಯಬಾರದು. "ಕೈ ನಮ್ಮ ತಾಯಿ ಇದ್ದ ಹಾಗೆ, ತಾನು ಮೊದಲು ಹೋಗಿ ಹೊಡೆಸ್ಕೊಳ್ಳುತ್ತೆ," ಎನ್ನುತ್ತಿದ್ದರು.

ಜನ ಟೀವಿ ಬಿಟ್ಟು ಫೋನು ಹಿಡಿದರು. ಧಾರಾವಾಹಿಗಳು ಒಂದೊಂದಾಗಿ ನಿಂತವು. ಅಕ್ಕನಿಗೆ ಬೀಳಲು ಮಹಡಿಗಳೇ ಇಲ್ಲವಾದವು. ಆಗ ಬಂದ ಉಪಾಯ ತಮ್ಮನದು. ಮೂವತ್ತು ದಾಟಿದ, ಮದುವೆಯಾಗದ, ಚುರುಕಾದ ಆಳು. ಶೂಟಿಂಗಿನಲ್ಲಿ ಕ್ಯಾಮೆರಾ ಸಹಾಯಕನಾಗಿದ್ದವನು. ಮನೆಯಲ್ಲೇ ಚಿಕ್ಕ ಚಿಕ್ಕ ವಿಡಿಯೋ ತೆಗೆದು ಹಾಕೋಣ ಎಂದ. ಮೊದಲನೆಯದರಲ್ಲಿ ಅಕ್ಕ ಸೋಪಿನ ನೀರಿನ ಮೇಲೆ ಕಾಲಿಟ್ಟು, ಬಕೆಟ್ಟಿನ ಸಮೇತ ಜಾರಿ, ಬಾಗಿಲಿನಿಂದಾಚೆ ಹೋಗಿಬಿಡುತ್ತಾರೆ. ನಾನು ಅದನ್ನು ಹತ್ತು ಸಲ ನೋಡಿ ಹೊಟ್ಟೆ ಹಿಡಿದು ನಕ್ಕಿದ್ದೇನೆ. ಇದನ್ನು ಒಪ್ಪಿಕೊಳ್ಳಲೇಬೇಕು.

ಆದರೆ ತಮ್ಮನ ಫೋನಿನೊಳಗೆ ಒಂದು ಗೆರೆ ಇತ್ತು. ವಿಡಿಯೋ ಹಾಕಿದವರಿಗೆ ಮಾತ್ರ ಕಾಣುವ ಗೆರೆ. ಯಾವ ಸೆಕೆಂಡಿನಲ್ಲಿ ಎಷ್ಟು ಜನ ಇನ್ನೂ ನೋಡುತ್ತಿದ್ದಾರೆ, ಯಾವಾಗ ಬಿಟ್ಟು ಹೋದರು ಎಂದು ಅದು ಹೇಳುತ್ತದೆ. ಗೆರೆ ಮೇಲಿದ್ದರೆ ಆ ವಿಡಿಯೋವನ್ನು ಫೋನು ಇನ್ನೂ ಸಾವಿರ ಜನರ ಮುಂದೆ ತಂದಿಡುತ್ತದೆ, ಇಳಿದರೆ ಮೂಲೆಗೆ ಎಸೆಯುತ್ತದೆ. ತಮ್ಮ ಅದನ್ನು ವೈದ್ಯರು ಎದೆಬಡಿತದ ಪಟ್ಟಿ ಓದುವ ಹಾಗೆ ಓದುತ್ತಿದ್ದ.

"ನೋಡಕ್ಕಾ, ಇಲ್ಲಿ ನೀನು ಚಹಾ ಸೋಸ್ತಾ ಇದೀಯ. ಅರ್ಧ ಜನ ಎದ್ದು ಹೋದ್ರು."

"ಅವರಿಗೂ ಚಹಾ ಬೇಕಾಗಿತ್ತೇನೋ, ಅಡುಗೆಮನೆಗೆ ಹೋಗಿರ್ತಾರೆ ಬಿಡೋ."

"ತಮಾಷೆ ಅಲ್ಲ. ಮೂರು ಸೆಕೆಂಡಿನೊಳಗೆ ಏಟು ಬೀಳ್ಬೇಕು. ಮೊದಲು ಏಟು, ಆಮೇಲೆ ಕಥೆ."

ಹಾಗೆ ಕಥೆ ಹಿಂದೆ ಹೋಯಿತು, ಏಟು ಮುಂದೆ ಬಂತು. ವಿಡಿಯೋ ಶುರುವಾಗುವುದೇ ಅಕ್ಕನ ಕೆನ್ನೆಯ ಮೇಲೆ ಕೈ ಬೀಳುವುದರಿಂದ. ಧಾರಾವಾಹಿಯಲ್ಲಿ ಕಪಾಳಕ್ಕೆ ಹೊಡೆಯುವವರ ಕೈ ಕೆನ್ನೆಯಿಂದ ಒಂದು ಗೇಣು ದೂರ ಹೋಗುತ್ತದೆ, ಸದ್ದನ್ನು ಆಮೇಲೆ ಸೇರಿಸುತ್ತಾರೆ. ಇಲ್ಲಿ ಜನ ವಿಡಿಯೋ ಕೆಳಗೆ ಬರೆದರು: 'ಸುಳ್ಳು ಏಟು', 'ತಗಲೇ ಇಲ್ಲ'. ತಮ್ಮ ನಿಜವಾಗಿ ಹೊಡೆದ, ಗೆರೆ ಏರಿತು. ಲಟ್ಟಣಿಗೆಯಿಂದ ಹೊಡೆದ, ಇನ್ನೂ ಏರಿತು. ಒಂದು ದಿನ ಅಕ್ಕನ ಹುಬ್ಬು ಸೀಳಿ ರಕ್ತ ಕಣ್ಣಿಗಿಳಿಯಿತು. ಅವನು ಇನ್ನೊಂದು ಕೈಯಲ್ಲಿದ್ದ ಕ್ಯಾಮೆರಾ ಎಸೆದು ಅವರನ್ನು ಹಿಡಿದುಕೊಂಡನಂತೆ. ಎಸೆದ ಕ್ಯಾಮೆರಾದಲ್ಲಿ ಛಾವಣಿಯೂ ಅಕ್ಕನ ನರಳಾಟವೂ ದಾಖಲಾಗಿದ್ದವು. ಅದನ್ನೂ ಹಾಕಿದರು. ಅಲ್ಲಿಯವರೆಗೆ ಯಾವುದನ್ನೂ ಅಷ್ಟು ಜನ ನೋಡಿರಲಿಲ್ಲ.

ಕೊನೆಗೆ ಗೆರೆ ಕೈಯ ಮಾತು ಹೇಳಿತು.

"ಅಕ್ಕಾ, ಬೀಳುವಾಗ ನೀನು ಅಂಗೈ ಬಡಿದ ಕೂಡಲೇ ಗೆರೆ ಕುಸಿಯುತ್ತೆ. ಪ್ರತಿ ವಿಡಿಯೋದಲ್ಲೂ. ಕೈ ಕಂಡರೆ ಇದು ಕಲಿತವಳ ಬೀಳಾಟ ಅಂತ ಗೊತ್ತಾಗಿಬಿಡುತ್ತೆ."

"ಕೈಯೂರದೆ ಬಿದ್ದರೆ ಸಾಯ್ತೀನಿ ಕಣೋ."

"ಮೆಟ್ಟಿಲ ಕೆಳಗೆ ಹಾಸಿಗೆ ಹಾಕ್ತೀನಿ. ಎಂಟು ಮೆಟ್ಟಿಲು ಅಷ್ಟೇ."

ಹದಿನೆಂಟು ವರ್ಷ ಕಲಿತದ್ದನ್ನು ಮರೆಯಲು ಅವರಿಗೆ ಮೂರು ವಾರ ಹಿಡಿಯಿತು. ಹಗಲೆಲ್ಲ ಕೆಳಗಿನಿಂದ ಧಡ್ ಧಡ್ ಎಂದು ಕೇಳುತ್ತಿತ್ತು. ಕೈಯನ್ನು ಸೊಂಟಕ್ಕೆ ದುಪಟ್ಟಾದಿಂದ ಕಟ್ಟಿಕೊಂಡು ಅಭ್ಯಾಸ ಮಾಡುತ್ತಿದ್ದರು. ಆಮೇಲೆ ಕಟ್ಟುವ ಅಗತ್ಯ ಬೀಳಲಿಲ್ಲ. ಕೈ ತಾನಾಗಿ ಸುಮ್ಮನಿರುವುದನ್ನು ಕಲಿತಿತು.

ನನ್ನ ಮನೆಯಲ್ಲೂ ಅದೇ ಗೆರೆ ಕೆಲಸ ಮಾಡುತ್ತಿತ್ತು, ನನಗೆ ಕಂಡಿರಲಿಲ್ಲ. ಅಕ್ಕನ ವಿಡಿಯೋಗಳನ್ನು ನೋಡಿದ್ದಕ್ಕೆ ನನ್ನ ಫೋನು ಬೇರೆ ಬೇರೆಯವರು ಬೀಳುವುದನ್ನೂ, ಹೊಡೆಸಿಕೊಳ್ಳುವುದನ್ನೂ ತಂದು ಸುರಿಯತೊಡಗಿತು. ಯಾರೋ ಯಾರದೋ ತಲೆಯನ್ನು ಗೋಡೆಗೆ ಅಪ್ಪಳಿಸುವುದು, ಯಾರೋ ಕುರ್ಚಿ ಮುರಿಯುವುದು. ನಾನು ಬಟ್ಟೆ ಒಗೆಯುವಾಗ ಮಗಳ ಕೈಗೆ ಫೋನು ಕೊಡುತ್ತಿದ್ದೆ. ಒಂದು ಬೆಳಿಗ್ಗೆ ಅವಳ ಚಪ್ಪಲಿಯ ಪಟ್ಟಿ ಹಾಕಲು ಬಗ್ಗಿದೆ. ಅವಳು ನೀರಿನ ಸ್ಟೀಲ್ ಬಾಟಲಿಯಿಂದ ನನ್ನ ಬಾಯಿಗೆ ಹೊಡೆದಳು. ತುಟಿ ಹಲ್ಲಿಗೆ ಸಿಕ್ಕಿ ಹರಿಯಿತು. ನಾನು ರಕ್ತ ಉಗುಳುತ್ತಾ, "ಯಾಕೇ ಹೊಡೆದೆ?" ಎಂದರೆ ಅವಳು ಹೆದರಲಿಲ್ಲ, ನನಗೆ ತಿಳಿಹೇಳಿದಳು:

"ಮೊದಲು ಹೊಡೀಬೇಕಮ್ಮಾ, ಆಮೇಲೆ ಮಾತಾಡ್ಬೇಕು."

ಅವತ್ತಿನಿಂದ ಫೋನನ್ನು ಕಪಾಟಿನ ಮೇಲಿಟ್ಟೆ. ತುಟಿ ತೋರಿಸಿ ಅಕ್ಕನಿಗೆ ಹೇಳಿದಾಗ ಅವರು ತಮಾಷೆ ಮಾಡಲಿಲ್ಲ. ಐಸ್ ತಂದು ಬಟ್ಟೆಯಲ್ಲಿ ಸುತ್ತಿ ಒತ್ತಿದರು. ಒತ್ತುತ್ತಾ ಒತ್ತುತ್ತಾ, "ನನ್ನ ಎಡಗಣ್ಣಲ್ಲಿ ಮಿಂಚು ಹೊಡೀತಾ ಇದೆ ಕಣೇ, ಕಪ್ಪು ದಾರಗಳು ತೇಲ್ತಾವೆ. ನಿನಗೂ ಹಾಗೆ ಆಗುತ್ತಾ?" ಎಂದು ಕೇಳಿದರು.

ಆಟೋ ಕರೆದು ಕಣ್ಣಿನ ಆಸ್ಪತ್ರೆಗೆ ಕರೆದುಕೊಂಡು ಹೋದೆ. ವೈದ್ಯೆ ಅರ್ಧ ಗಂಟೆ ಪರೀಕ್ಷಿಸಿ, ಕಣ್ಣಿನ ಹಿಂದಿನ ಪರದೆ ಹರಿದಿದೆ ಎಂದರು. ಲೇಸರ್‌ನಿಂದ ಅಂಟಿಸಿದರು. ಕಳಿಸುವಾಗ ಪೇಪರಿನ ಮೇಲೆ ಕಣ್ಣಿನ ಚಿತ್ರ ಬರೆದು, ಅದಕ್ಕೆ ಪೆನ್ನಿನಿಂದ ಕುಕ್ಕಿ ಹೇಳಿದರು: "ತಲೆಗೆ ಇನ್ನೊಂದು ಪೆಟ್ಟು ಬಿದ್ದರೆ ಈ ಕಣ್ಣು ಉಳಿಯಲ್ಲ. ಏನು ಕೆಲಸ ಮಾಡ್ತೀರಿ ನೀವು?"

"ಬೀಳೋ ಕೆಲಸ," ಎಂದರು ಅಕ್ಕ. ವೈದ್ಯೆ ನಗಲಿಲ್ಲ.

ಸುದ್ದಿ ಕೇಳಿ ತಮ್ಮ ಮೆಟ್ಟಿಲ ಮೇಲೆ ಕೂತು ಅತ್ತ. ಅದು ನಾಟಕವಲ್ಲ, ನಾನು ಕಂಡಿದ್ದೇನೆ. ಅಕ್ಕನನ್ನು ಮುಟ್ಟುವುದಿಲ್ಲ ಎಂದ. ಅಕ್ಕ ಕುರ್ಚಿಯಲ್ಲಿ ಕೂತು ಹಳೆಯ ಶೂಟಿಂಗ್ ಕಥೆಗಳನ್ನು ಹೇಳುವ ವಿಡಿಯೋ ಮಾಡಿದರು. ನನಗೆ ಅದಕ್ಕಿಂತ ಸೊಗಸಾದದ್ದು ಕಂಡಿಲ್ಲ. ಗೆರೆಗೆ ಅದು ಬೇಡವಾಯಿತು. ಕೆಳಗೆ ಜನ ಬರೆದದ್ದು ಒಂದೇ ಮಾತು: 'ಯಾವಾಗ ಬೀಳ್ತೀರಾ?' ತಮ್ಮ ತಾನೇ ಮೆಟ್ಟಿಲಿಂದ ಉರುಳಿದ, ಕಾಲು ಉಳುಕಿಸಿಕೊಂಡು ಹತ್ತು ದಿನ ಕುಂಟಿದ. ಯಾರಿಗೂ ಬೇಕಾಗಲಿಲ್ಲ. 'ಗಂಡಸು ಬಿದ್ರೆ ಏನ್ ಮಜಾ, ಅಕ್ಕನ್ನ ಕರೀರಿ' ಎಂದು ಒಬ್ಬ ಬರೆದಿದ್ದ. ಅದನ್ನು ಅಕ್ಕ ನನಗೆ ಓದಿ ತೋರಿಸಿ, "ನೋಡು, ನನಗೆ ಎಷ್ಟು ಬೇಡಿಕೆ," ಎಂದರು. ಆದರೂ ಮತ್ತೆ ಬೀಳಲಿಲ್ಲ. ಹೊಲಿಗೆ ಅಂಗಡಿಯೊಂದರಲ್ಲಿ ಗುಂಡಿ ಹಾಕುವ ಕೆಲಸ ಕೇಳಿಕೊಂಡು ಬಂದರು. ಕಣ್ಣು ಉಳಿದರೆ ಸಾಕು ಎನ್ನುವಂತಿದ್ದರು.

ಅದು ಆಗಿ ಒಂದು ವಾರ. ಬೆಳಿಗ್ಗೆ ಹತ್ತು ಗಂಟೆಗೆ ನಾನು, ಅಕ್ಕ, ಮಗಳು ತರಕಾರಿ ಅಂಗಡಿಗೆ ಹೋಗಿದ್ದೆವು. ಮಗಳು ನನ್ನ ಸೊಂಟದ ಮೇಲೆ. ಮೂರು ಜನ ಹುಡುಗರು ಬಂದರು, ಇಪ್ಪತ್ತು ಇಪ್ಪತ್ತೆರಡರ ಪ್ರಾಯ. ಒಬ್ಬ ಆಗಲೇ ಫೋನು ಎತ್ತಿ ಹಿಡಿದಿದ್ದ.

"ನೀವೇ ಅಲ್ವಾ ಬೀಳೋ ಅಕ್ಕ?"

"ಹೌದಪ್ಪಾ," ಎಂದು ಅಕ್ಕ ನಕ್ಕರು.

"ಒಂದ್ಸಲ ಬೀಳಿ ಅಕ್ಕಾ, ಪ್ಲೀಸ್."

"ಇವತ್ತು ಅಂಗಡಿ ಮುಚ್ಚಿದೆ."

ಸುತ್ತಲಿದ್ದವರು ನಕ್ಕರು. ಅಕ್ಕ ಆಲೂಗಡ್ಡೆ ಆರಿಸಲು ಬೆನ್ನು ತಿರುಗಿಸಿ ಬಗ್ಗಿದರು. ಆ ಮೂವರಲ್ಲಿ ಹಳದಿ ಅಂಗಿಯವನು ಎರಡು ಹೆಜ್ಜೆ ಹಿಂದೆ ಹೋಗಿ, ಓಡಿ ಬಂದು, ಎರಡೂ ಕೈಗಳಿಂದ ಅವರ ಕುತ್ತಿಗೆಗೆ ಗುದ್ದಿದ.

ಯಾರನ್ನಾದರೂ ಹಾಗೆ ತಳ್ಳಿದರೆ ಕೈ ಮುಂದೆ ಹೋಗುತ್ತದೆ. ಅಕ್ಕನ ಕೈ ಹೋಗಲಿಲ್ಲ. ತಕ್ಕಡಿಯ ಕೆಳಗಿನ ಕಬ್ಬಿಣದ ಚೌಕಟ್ಟಿಗೆ ಅವರ ಹಣೆಯ ಎಡಭಾಗ ಬಡಿಯಿತು. ತೆಂಗಿನಕಾಯಿ ಒಡೆದಂತಹ ಸದ್ದು ಎಂದು ಬರೆಯಬಾರದು, ಆದರೆ ಅದೇ ಸದ್ದು. ಅವರು ಮುಖ ಕೆಳಗೆ ಮಾಡಿ ಬಿದ್ದರು. ಆಲೂಗಡ್ಡೆಗಳು ಅವರ ಬೆನ್ನ ಮೇಲೆ ಉರುಳಿದವು.

ಜನ ಚಪ್ಪಾಳೆ ತಟ್ಟಿದರು! ನಿಜ ಹೇಳುತ್ತೇನೆ, ಚಪ್ಪಾಳೆ. ಅಂಗಡಿಯವರು ಕತ್ತು ಉದ್ದ ಮಾಡಿ, "ಇನ್ನೊಂದು ಕ್ಯಾಮೆರಾ ಎಲ್ಲಿಟ್ಟಿದ್ದಾರೆ?" ಎಂದು ಹುಡುಕುತ್ತಿದ್ದರು.

"ನಿಜ ಕಣ್ರೀ! ಇದು ನಿಜ! ಯಾರಾದ್ರೂ ಬನ್ನಿ!" ಎಂದು ನಾನು ಕಿರುಚಿದೆ.

"ಇವರೂ ಅವರ ಟೀಮೇ," ಎಂದು ಒಬ್ಬರು ಪಕ್ಕದವರಿಗೆ ವಿವರಿಸಿದರು.

ಹಳದಿ ಅಂಗಿಯವನು ಬೂಟುಗಾಲಿನಿಂದ ಅಕ್ಕನ ಪಕ್ಕೆಗೆ ಒದ್ದ. "ಏಳಿ ಅಕ್ಕಾ, ಸಾಕು, ಕಟ್." ಇನ್ನೊಂದು ಸಲ ಒದ್ದ. ಅಕ್ಕ ಮಿಸುಕಲಿಲ್ಲ. ರಕ್ತ ಅವನ ಬೂಟಿನ ಹತ್ತಿರ ಹರಿದು ಬಂದಾಗ ಮಾತ್ರ ಅವನ ಮುಖ ಇಳಿಯಿತು, ಮೂವರೂ ಓಡಿದರು. ನಾನು ಮಗಳನ್ನು ಕೆಳಗಿಳಿಸಿ, ಅಕ್ಕನನ್ನು ಮಗ್ಗುಲಿಗೆ ತಿರುಗಿಸಿ, ನನ್ನ ದುಪಟ್ಟಾ ಮಡಿಸಿ ಹಣೆಗೆ ಒತ್ತಿ ಹಿಡಿದೆ. ಎಡಗಣ್ಣು ತೆರೆದೇ ಇತ್ತು, ಪೂರ್ತಿ ಕೆಂಪು. ಬೆರಳು ಆಡಿಸಿದರೆ ಅದು ಅಲುಗಲಿಲ್ಲ. ಮಗಳು ಅಳದೆ ನನ್ನ ಚೂಡಿದಾರದ ಅಂಚು ಹಿಡಿದು ನಿಂತಿದ್ದಳು.

ಮೂರು ಗಂಟೆ ಕಾಲ ಶಸ್ತ್ರಚಿಕಿತ್ಸೆ ನಡೆಯಿತು. ಕಣ್ಣು ಹೋಯಿತು.

ಆ ಹುಡುಗರು ತಾವು ತೆಗೆದ ವಿಡಿಯೋವನ್ನು ಅಷ್ಟರಲ್ಲಿ ಹಾಕಿಯಾಗಿತ್ತು. ತಮ್ಮನಿಗೆ ತಲೆ ಕೆಟ್ಟಂತಾಯಿತು. ಆ ಹಳದಿ ಅಂಗಿಯವನು ಯಾರೆಂದು ಪತ್ತೆ ಮಾಡಬೇಕಲ್ಲ? ಅವನು ತನಗೆ ಗೊತ್ತಿದ್ದ ಒಂದೇ ದಾರಿ ಹಿಡಿದ. ಅದೇ ವಿಡಿಯೋವನ್ನು ತಮ್ಮಿಬ್ಬರ ಪುಟದಲ್ಲಿ, 'ಇವನು ಯಾರು ಗೊತ್ತಾ?' ಎಂಬ ಪ್ರಶ್ನೆಯ ಜೊತೆ ಹಾಕಿದ. ಸಂಜೆಯೊಳಗೆ ಹೆಸರು, ವಿಳಾಸ ಎರಡೂ ಸಿಕ್ಕವು. ಲಕ್ಷಗಟ್ಟಲೆ ಜನ ನೋಡಿದ್ದರು.

ಮೂರನೇ ದಿನ ಆಸ್ಪತ್ರೆಯಲ್ಲಿ ನಾನು ಅಕ್ಕನಿಗೆ ಚಮಚದಲ್ಲಿ ಹಣ್ಣಿನ ರಸ ಕುಡಿಸುತ್ತಿದ್ದೆ. ತಮ್ಮ ಮಂಚದ ಕಾಲ ಬಳಿ ಕೂತು ಫೋನು ನೋಡುತ್ತಿದ್ದ. ಅವನ ಬಾಯಿಂದ ತಾನಾಗಿ ಹೊರಟಿತು. ಅಭ್ಯಾಸ, ಇನ್ನೇನು?

"ಅಕ್ಕಾ, ಗೆರೆ ಇಳಿದೇ ಇಲ್ಲ. ಕೊನೇವರೆಗೂ ಒಬ್ಬರೂ ಎದ್ದು ಹೋಗಿಲ್ಲ."

ಅಕ್ಕ ನನ್ನ ಕೈಯಿಂದ ಲೋಟ ಕಿತ್ತುಕೊಂಡು ಅವನ ಮುಖಕ್ಕೆ ಬೀಸಿದರು. ಲೋಟ ಗಾಳಿಯಲ್ಲಿ ಹೋಯಿತು. ಒಂದೇ ಕಣ್ಣಿಗೆ ದೂರ ತಿಳಿಯುವುದಿಲ್ಲ. ಎರಡನೇ ಸಲ ಎಡಗೈಯಿಂದ ಅವನ ಅಂಗಿಯ ಕಾಲರು ಹಿಡಿದು, ಹತ್ತಿರ ಎಳೆದುಕೊಂಡು, ಲೋಟದ ಅಂಚಿನಿಂದ ಮೂಗಿಗೆ ಹೊಡೆದರು. ಮೂಳೆ ಮುರಿದ ಸದ್ದು ನನಗೆ ಕೇಳಿಸಿತು. ಮತ್ತೆ ಹೊಡೆದರು. ಕೆನ್ನೆ, ಹಲ್ಲು, ಕಿವಿ. ಹದಿನೆಂಟು ವರ್ಷ ಹೊಡೆಸಿಕೊಂಡ ಆ ಹೆಂಗಸು ಯಾರಿಗಾದರೂ ಕೈ ಎತ್ತಿದ್ದು ಅವತ್ತೇ ಮೊದಲು. ಅವನು ತಪ್ಪಿಸಿಕೊಳ್ಳಲಿಲ್ಲ, ಕೈ ಅಡ್ಡ ತರಲಿಲ್ಲ. ನರ್ಸು ಓಡಿ ಬಂದು, ನಾನೂ ಅವರೂ ಸೇರಿ ಬಿಡಿಸುವಷ್ಟರಲ್ಲಿ ಹಾಸಿಗೆಯ ಬಿಳಿ ಹೊದಿಕೆ ಕೆಂಪಾಗಿತ್ತು.

"ಹೊಡಿ ಅಕ್ಕಾ," ಎನ್ನುತ್ತಿದ್ದ ಅವನು, ಮೂಗಿನಲ್ಲಿ ರಕ್ತದ ಗುಳ್ಳೆ ಬರಿಸಿಕೊಂಡು. "ಇನ್ನೂ ಹೊಡಿ."

"ಮೊದಲು ಅದನ್ನ ಅಳಿಸೋ, ಪಾಪಿ!"

ರಕ್ತದ ಬೆರಳಿಗೆ ಫೋನು ತೆರೆಯಲಿಲ್ಲ. ನಾನೇ ಅವನ ಬೆರಳು ಒರೆಸಿಕೊಟ್ಟೆ. ಅವನು ಅಳಿಸಿದ. ಅಷ್ಟರಲ್ಲಿ ಬೇರೆ ಎಷ್ಟೋ ಜನ ಅದನ್ನು ತಂತಮ್ಮ ಪುಟಗಳಲ್ಲಿ ಹಾಕಿಕೊಂಡಿದ್ದರು.

ಆಸ್ಪತ್ರೆಯಿಂದ ಬಂದ ಮೇಲೆ ಅಕ್ಕ ಪೊಲೀಸ್ ಠಾಣೆಗೆ ಹೋದರು. ಜೊತೆಗೆ ಮೂಗಿಗೆ ಪಟ್ಟಿ ಹಾಕಿಕೊಂಡ ತಮ್ಮ. ಅಲ್ಲಿನ ಅಧಿಕಾರಿ ಕೆಟ್ಟವರೇನಲ್ಲ, ಕುರ್ಚಿ ಕೊಟ್ಟರಂತೆ, "ನಮ್ಮ ಮನೆಯವರು ನಿಮ್ಮ ವಿಡಿಯೋ ತಪ್ಪದೆ ನೋಡ್ತಾರೆ," ಎಂದರಂತೆ. ದೂರು ಓದಿ, ವಿಡಿಯೋ ನೋಡಿ, ತಲೆ ಕೆರೆದುಕೊಂಡರು.

"ಅಮ್ಮಾ, ಆ ಹುಡುಗನ ಕಡೆಯವರು ಇದು ಮಾತಾಡಿಕೊಂಡು ಮಾಡಿದ ಶೂಟಿಂಗ್ ಅಂತಾರೆ. ನೀವು ನಗ್ತಾ ಮಾತಾಡಿದ್ದೀರಿ. ಬೀಳುವಾಗ ಕೈ ಸಹ ಊರಿಲ್ಲ, ತಯಾರಾಗಿ ಬಿದ್ದ ಹಾಗಿದೆ. ಅದಕ್ಕಿಂತ ಹೆಚ್ಚಾಗಿ, ನಿಮ್ಮ ಪುಟದಲ್ಲಿ ನೀವೇ ಇದನ್ನ ಹಾಕಿಕೊಂಡಿದ್ರಿ. ನಿಮ್ಮ ಇನ್ನೂರು ವಿಡಿಯೋ ಸುಳ್ಳು, ಇದೊಂದು ನಿಜ ಅಂತ ನಾನು ಹೇಗೆ ಬರ್ಕೊಳ್ಳಲಿ? ಆ ಜಾಗದಲ್ಲಿದ್ದ ಯಾರಾದ್ರೂ ಬಂದು ಹೇಳಿದರೆ ನೋಡೋಣ."

ಅಂಗಡಿಯವರನ್ನು ಕೇಳಿದರೆ ಅವರು ಕೈ ಮುಗಿದು ಒಳಗೆ ಹೋದರು. ಚಪ್ಪಾಳೆ ತಟ್ಟಿದವರಲ್ಲಿ ಒಬ್ಬರೂ ಬರಲು ಒಪ್ಪಲಿಲ್ಲ. ನಾನು ಬರುತ್ತೇನೆ ಎಂದು ಆಗಲೇ ಹೇಳಬಹುದಿತ್ತು, ಹೇಳಲಿಲ್ಲ. ಆ ಹುಡುಗನ ಮನೆ ನಮ್ಮ ಮಗಳ ಶಾಲೆಯ ಬೀದಿಯಲ್ಲೇ ಇದೆ. "ಅವರಿಗೆ ನಾವು ಎಲ್ಲ ಸಹಾಯ ಮಾಡೋಣ, ಇದೊಂದು ಬೇಡ," ಎಂದಿದ್ದರು ನನ್ನ ಗಂಡ. ಅಕ್ಕನಿಗೆ ಊಟ ಕಳಿಸಿದೆ, ಔಷಧಿ ತಂದುಕೊಟ್ಟೆ, ತಲೆ ಬಾಚಿದೆ. ಆ ವಿಷಯ ಬಂದಾಗಲೆಲ್ಲ ಮಗಳು ಕರೆದಳು ಎಂದು ಮೇಲೆ ಬಂದೆ.

ಇವತ್ತು ಮಧ್ಯಾಹ್ನ ಅಕ್ಕ ತಾವೇ ಮೇಲೆ ಬಂದರು. ಆಸ್ಪತ್ರೆಯಿಂದ ಬಂದ ಮೇಲೆ ಮೆಟ್ಟಿಲು ಹತ್ತಿದ್ದು ಇದೇ ಮೊದಲು. ಕಾಲಿನಿಂದ ಅಂಚು ತಡಕಿ, ನಿಂತು, ಮತ್ತೊಂದು ಹತ್ತುವುದು ಒಳಗೆ ನನಗೆ ಕೇಳುತ್ತಿತ್ತು. ಬಾಗಿಲಲ್ಲೇ ನಿಂತರು. ಕೂರಿ ಎಂದರೂ ಕೂರಲಿಲ್ಲ.

"ನಿನ್ನ ಯಜಮಾನ್ರು ಬೇಡ ಅಂದಿರ್ತಾರೆ, ನನಗೆ ಗೊತ್ತಿದೆ. ಅವರ ಮೇಲೆ ಬೇಜಾರಿಲ್ಲ ಕಣೇ, ಮಗು ಇರೋ ಮನೆ. ಆ ಹುಡುಗನ್ನ ಜೈಲಿಗೆ ಹಾಕಿಸಿದ್ರೆ ನನ್ನ ಕಣ್ಣು ವಾಪಸ್ ಬರಲ್ಲ, ಅದೂ ಗೊತ್ತು. ಆದರೆ ಅವನು ನನಗೆ ನಿಜವಾಗಿ ನೋವು ಮಾಡಿದ ಅಂತ ಒಂದು ಕಾಗದದ ಮೇಲಾದ್ರೂ ಇರಬೇಕು. ಎಲ್ಲೂ ಇಲ್ಲ."

ಅವರು ಬಲಗಣ್ಣನ್ನು ನನ್ನ ಮುಖದ ಮೇಲೆ ನಿಲ್ಲಿಸಲು ಕತ್ತನ್ನು ಸ್ವಲ್ಪ ಓರೆ ಮಾಡಿದರು.

"ನಾಳೆ ಹನ್ನೊಂದಕ್ಕೆ ಠಾಣೆಗೆ ಬರೋಕೆ ಹೇಳಿದ್ದಾರೆ. ಅವರು ಆ ವಿಡಿಯೋನ ನಿಲ್ಲಿಸಿ ನಿಲ್ಲಿಸಿ ತೋರಿಸ್ತಾರೆ, ಎಲ್ಲಿ ಏನಾಯ್ತು ಅಂತ ಹೇಳ್ಬೇಕು. ನನಗೆ ಅದನ್ನ ನೋಡೋಕೆ ಆಗಲ್ಲ. ಮಗೂನ ಯಾರ ಹತ್ರಾನಾದ್ರೂ ಬಿಟ್ಟು ಬಾ. ನನ್ನ ಪಕ್ಕ ಕೂತು, ನನ್ನ ಬದಲು ನೀನು ನೋಡಿ ಹೇಳ್ತೀಯಾ?"